ಹೊಟ್ಟೆಗೆ ಹಾಕಿಕೊಳ್ಳಿ

ಕೊಟ್ಟೂರಿನ ಬಸ್ ನಿಲ್ದಾಣದ ಹತ್ತಿರ ನಾನು ದಿನಾ ಸಂಜೆ ಮಿರ್ಚಿ ಮಂಡಕ್ಕಿ ತಿನ್ನುವ ಅಂಗಡಿಯವನು ಬಹಳ ವಿನಯವಂತ. ಮೊನ್ನೆ ಬಾಣಲೆಯಿಂದ ಆಗಷ್ಟೇ ಎದ್ದ, ಮೈಮೇಲೆ ಇನ್ನೂ ಎಣ್ಣೆ ಚುರುಗುಡುತ್ತಿದ್ದ ಎಂಟು ಮಿರ್ಚಿಗಳನ್ನು ತೆಳ್ಳನೆಯ ಪ್ಲಾಸ್ಟಿಕ್ ಕವರಿಗೆ ಸುರಿದ. ಕವರು ಒಮ್ಮೆ ನಡುಗಿತು, ಸುಕ್ಕುಗಟ್ಟಿತು, ಆಮೇಲೆ ಬಹಳ ವರ್ಷದ ಮೇಲೆ ಸಿಕ್ಕ ನೆಂಟನನ್ನು ತಬ್ಬಿಕೊಂಡಂತೆ ಮಿರ್ಚಿಯನ್ನು ತಬ್ಬಿಕೊಂಡಿತು.

"ಕವರು ಕರಗಾಕತ್ತೈತಲ್ಲಪಾ" ಅಂದೆ.

"ಏನ್ ಮಾಡಾದ್ರಿ ಮೇಷ್ಟ್ರೆ? ಪೇಪರಿನಾಗ ಕಟ್ಟಿದ್ರ ಇಂಕು ಹತ್ತತೈತಿ ಅಂತ ನೀವ ಬೈದಿದ್ರಿ. ಕವರಿನಾಗ ಕೊಟ್ರ ಕವರು ಅಂತೀರಿ. ಬರೇ ಕೈಯಾಗ ಕೊಡ್ಲೇನು? ಒಂದೀಟು ಹೊಟ್ಟಿಗೆ ಹಾಕ್ಕೋರಿ."

ಹಾಕಿಕೊಂಡೆ. ಅವನು ಹೇಳಿದ್ದರಲ್ಲಿ ತಪ್ಪೇನೂ ಇರಲಿಲ್ಲ. 2023ರ ಸೆಪ್ಟೆಂಬರಿನಲ್ಲಿ ದೇಶದ ಆಹಾರ ಸುರಕ್ಷತಾ ಪ್ರಾಧಿಕಾರವೇ ಪತ್ರಿಕೆಯ ಹಾಳೆಯಲ್ಲಿ ತಿಂಡಿ ಕಟ್ಟಬೇಡಿ, ಮಸಿಯಲ್ಲಿ ಸೀಸ ಇರುತ್ತದೆ ಎಂದು ಹೇಳಿತ್ತು. ಅದನ್ನು ಅವನಿಗೆ ಓದಿ ಹೇಳಿದವನು ನಾನೇ. ಮುತ್ತುಗದೆಲೆಗೆ ವಾಪಸು ಹೋಗು ಎಂದು ಪ್ರಾಧಿಕಾರವೂ ಹೇಳಲಿಲ್ಲ, ನಾನೂ ಹೇಳಲಿಲ್ಲ. ಅವನು ಮುಂದಕ್ಕೆ ಹೋದ. ಮುಂದಕ್ಕೆ ಇದ್ದದ್ದು ಪ್ಲಾಸ್ಟಿಕ್.

ಕ್ಷಮೆಯನ್ನು ಎಲ್ಲಿಡಬೇಕು ಎಂಬ ವಿಷಯದಲ್ಲಿ ಕನ್ನಡಿಗರಿಗೆ ಯಾವತ್ತೂ ಗೊಂದಲವಿಲ್ಲ. ಬೀಗರ ಮುಂದೆ ಹೆಣ್ಣಿನ ತಂದೆ, ನಮ್ಮೂರ ದೇವರು ಗುರುಬಸವೇಶ್ವರನ ಮುಂದೆ ಭಕ್ತ, ಐದು ವರ್ಷಕ್ಕೊಮ್ಮೆ ಓಣಿಗೆ ಬರುವ ಅಭ್ಯರ್ಥಿ, ಎಲ್ಲರೂ ಕೈಮುಗಿದು ಹೇಳುವುದು ಒಂದೇ: ನಮ್ಮ ತಪ್ಪನ್ನು ಹೊಟ್ಟೆಗೆ ಹಾಕಿಕೊಳ್ಳಿ. ಇಷ್ಟು ದಿನ ಇದು ಮಾತಾಗಿತ್ತು. ಈಗ ಯಾರೋ ಅದನ್ನು ಜಾರಿಗೆ ತಂದುಬಿಟ್ಟಿದ್ದಾರೆ.

ಮಿರ್ಚಿ ಖಾರಕ್ಕೆ ಚಾ ಬೇಕಲ್ಲ. ಚಾ ಬಂದದ್ದು ಪೇಪರ್ ಕಪ್ಪಿನಲ್ಲಿ. ಪೇಪರ್ ಅಂದರೆ ಹೊರಗೆ ಪೇಪರ್. ಚಾ ಸೋರದಂತೆ ಒಳಗೆ ಒಂದು ಪದರ ಪ್ಲಾಸ್ಟಿಕ್. ಗಾಂಧಿ ಟೋಪಿಯೊಳಗಿನ ತಲೆಯ ಹಾಗೆ, ವಿಷಯ ಇರುವುದು ಒಳಗೆ. ಖರಗ್‌ಪುರದ ಐಐಟಿಯವರು 2020ರಲ್ಲಿ ಇಂಥ ಕಪ್ಪಿಗೆ 85ರಿಂದ 90 ಡಿಗ್ರಿ ಬಿಸಿಯ 100 ಮಿಲಿಲೀಟರ್ ನೀರು ಹಾಕಿ 15 ನಿಮಿಷ ಬಿಟ್ಟು ನೋಡಿದರು. ಸುಮಾರು 25,000 ಪ್ಲಾಸ್ಟಿಕ್ ಕಣಗಳು ಬಿಸಿನೀರಿಗೆ ಇಳಿದಿದ್ದವು. ದಿನಕ್ಕೆ ಮೂರು ಕಪ್ಪಾದರೆ 75,000 ಎಂದು ಅವರೇ ಲೆಕ್ಕ ಹಾಕಿದರು. ಒಂದು ಕಪ್ ಚಾ ಕುಡಿಯಲು 15 ನಿಮಿಷ ಯಾರು ತಗೊಳ್ತಾರೆ ಎಂದು ಬೆಂಗಳೂರಿನವರು ಕೇಳಬಹುದು. ನಮ್ಮೂರಿಗೆ ಬಂದು ನೋಡಲಿ. ಇಲ್ಲಿ ಒಂದು ಕಪ್ಪಿನಲ್ಲಿ ಒಂದು ಸರ್ಕಾರ ಬಿದ್ದು ಇನ್ನೊಂದು ಎದ್ದಿರುತ್ತದೆ. ಮೇಲಾಗಿ ನಮ್ಮದು ಬೈಟೂ ಸಂಪ್ರದಾಯ. ಚಾ ಅರ್ಧವಾಗುತ್ತದೆ, ಕಪ್ಪು ಎರಡಾಗುತ್ತದೆ. ಜಿಪುಣತನವೂ ಪ್ಲಾಸ್ಟಿಕ್ಕಿಗೇ ಲಾಭ.

ಹಾಗಂತ ಸರ್ಕಾರ ಕೈಕಟ್ಟಿ ಕೂತಿದೆ ಎಂದು ಯಾರೂ ಅನ್ನುವಂತಿಲ್ಲ. 2025ರ ಫೆಬ್ರುವರಿಯಲ್ಲಿ ಆರೋಗ್ಯ ಇಲಾಖೆಯವರು ರಾಜ್ಯದ 251 ಕಡೆ ಇಡ್ಲಿ ತಟ್ಟೆಗಳ ಮುಚ್ಚಳ ಎತ್ತಿ ನೋಡಿದರು. ಐವತ್ತಕ್ಕೂ ಹೆಚ್ಚು ಕಡೆ ಬಿಳಿ ಬಟ್ಟೆ ಇರಬೇಕಾದಲ್ಲಿ ಪ್ಲಾಸ್ಟಿಕ್ ಹಾಳೆ ಇತ್ತು. ಉಗಿಯಲ್ಲಿ ಪ್ಲಾಸ್ಟಿಕ್ ಬೆಂದರೆ ಇಡ್ಲಿಗೆ ವಿಷ ಇಳಿಯುತ್ತದೆ, ಕ್ಯಾನ್ಸರಿನ ಭಯವಿದೆ ಎಂದು ಸಚಿವ ದಿನೇಶ್ ಗುಂಡೂರಾವ್ ಅದನ್ನು ನಿಷೇಧಿಸಿದರು. ಬಟ್ಟೆಯಾದರೆ ದಿನಾ ಒಗೆಯಬೇಕು, ಹಿಂಡಬೇಕು, ಒಣಹಾಕಬೇಕು, ಪ್ಲಾಸ್ಟಿಕ್ಕಾದರೆ ಎಸೆದರಾಯಿತು. ಹೋಟೆಲಿನವನು ಒಗೆಯುವ ಕೆಲಸ ಉಳಿಸಿಕೊಂಡ. ಒಗೆಯುವ ಕೆಲಸ ನಮ್ಮ ಮೂತ್ರಪಿಂಡಕ್ಕೆ ವರ್ಗವಾಯಿತು.

ನಿಷೇಧ ಎಂಬುದೇನೂ ನಮಗೆ ಹೊಸದಲ್ಲ. ಕರ್ನಾಟಕ 2016ರ ಮಾರ್ಚ್ 11ರಂದೇ ಪ್ಲಾಸ್ಟಿಕ್ ಕೈಚೀಲ, ಫ್ಲೆಕ್ಸು, ತಟ್ಟೆ, ಲೋಟ, ಚಮಚ, ಊಟದ ಮೇಜಿಗೆ ಹಾಸುವ ಹಾಳೆ ಎಲ್ಲವನ್ನೂ ಒಂದೇ ಏಟಿಗೆ ನಿಷೇಧಿಸಿತು. ಆ ನಿಷೇಧವನ್ನು ಹುಟ್ಟಿದ ಮೇಲೆ ಶಾಲೆಗೆ ಸೇರಿಸಿದ್ದರೆ ಇಷ್ಟೊತ್ತಿಗೆ ಮಗ್ಗಿ ಬಾಯಿಪಾಠ ಮಾಡಿರುತ್ತಿತ್ತು. ಸೇರಿಸಲಿಲ್ಲ, ಹಾಗಾಗಿ ಬೀದಿಯಲ್ಲೇ ಬೆಳೆಯಿತು. ಗಾಂಧೀಜಿಯ ಚಿತಾಭಸ್ಮದ ಸ್ಮಾರಕವಿರುವ ಊರು ನಮ್ಮ ನೆರೆಯ ಕೂಡ್ಲಿಗಿ. ಈ ಸೀಮೆಯಲ್ಲಿ ಅಕ್ಟೋಬರ್ 2 ಬಂತೆಂದರೆ ಚರಕದಲ್ಲಿ ನೂಲು ತೆಗೆದ ಆ ಮನುಷ್ಯನಿಗೆ ಪಿವಿಸಿ ಫ್ಲೆಕ್ಸಿನಲ್ಲಿ ನಮಸ್ಕಾರ. ಅದರ ಕೆಳಗೆ ಸ್ವಚ್ಛತೆಯೇ ದೇವರು ಎಂದಿರುತ್ತದೆ. ಅದರ ಕೆಳಗೆ ಶುಭ ಕೋರುವ ಹದಿನಾಲ್ಕು ಮುಖಗಳು.

ಕೇಂದ್ರ ಸರ್ಕಾರ 2022ರ ಜುಲೈ 1ರಿಂದ ಒಮ್ಮೆ ಬಳಸಿ ಎಸೆಯುವ ಪ್ಲಾಸ್ಟಿಕ್ಕಿನ ಮೇಲೆ ಬಿತ್ತು. ಯಾರು ಯಾರು ಸಿಕ್ಕಿಬಿದ್ದರು ನೋಡಿ: ಕಿವಿಗೆ ಹಾಕುವ ಹತ್ತಿಯ ಕಡ್ಡಿ, ಬಲೂನಿನ ಕಡ್ಡಿ, ಐಸ್‌ಕ್ರೀಮಿನ ಕಡ್ಡಿ. ಕಡ್ಡಿಗಳೆಲ್ಲ ಜೈಲಿಗೆ. ನೀರಿನ ಬಾಟಲಿ, ಚಿಪ್ಸ್ ಪಾಕೀಟು, ಶಾಂಪೂ ಚೀಟು ಮಾತ್ರ ಪಟ್ಟಿಯಲ್ಲಿ ಇಲ್ಲ. ಕಡ್ಡಿಗೆ ಕಂಪನಿ ಇರಲಿಲ್ಲ, ಪಾಪ.

ಚೀಟು ಅಂದಾಗ ನೆನಪಾಯಿತು. 2013ರಲ್ಲಿ ಕರ್ನಾಟಕ ಗುಟ್ಕಾ ನಿಷೇಧಿಸಿತು. ತಂಬಾಕು, ಪಾನ್ ಮಸಾಲಾಗಳನ್ನು ಪ್ಲಾಸ್ಟಿಕ್ ಚೀಟಿನಲ್ಲಿ ತುಂಬಬಾರದು ಎಂದು ದೇಶದ ನಿಯಮವೂ ಇದೆ. ಎರಡಕ್ಕೂ ಒಂದೇ ಉತ್ತರ ಸಿಕ್ಕಿತು: ಅಡಿಕೆ ಮಸಾಲೆ ಒಂದು ಚೀಟು, ತಂಬಾಕು ಇನ್ನೊಂದು ಚೀಟು, ಬೆರೆಸಿಕೊಳ್ಳುವ ಕೆಲಸ ಗಿರಾಕಿಯದು. ಮುಂಚೆ ಒಂದು ಚೀಟು ಬೀದಿಗೆ ಬೀಳುತ್ತಿತ್ತು, ಈಗ ಎರಡು. ನಿಷೇಧವೊಂದು ತಾನು ನಿಷೇಧಿಸಿದ್ದನ್ನು ಇಷ್ಟು ಚೆನ್ನಾಗಿ ಸಾಕಿದ ಉದಾಹರಣೆ ಇನ್ನೊಂದಿಲ್ಲ.

ಇನ್ನು ಮೈಕ್ರಾನಿನ ಕತೆ. ಎಸ್ಸೆಸ್ಸೆಲ್ಸಿಯಲ್ಲಿ ಮಿಲಿಮೀಟರಿಗೇ ಎಡವಿ ಬಿದ್ದವರೂ ನಮ್ಮ ಸಂತೆಯಲ್ಲಿ ಈಗ ಮೈಕ್ರಾನ್ ಮಾತಾಡುತ್ತಾರೆ. ಕೈಚೀಲ ಕನಿಷ್ಠ 50 ಮೈಕ್ರಾನ್ ದಪ್ಪ ಇರಬೇಕು ಎಂದು ಕೇಂದ್ರದ ನಿಯಮವಿತ್ತು. 2021ರ ಸೆಪ್ಟೆಂಬರ್ 30ರಿಂದ 75 ಆಯಿತು. 2022ರ ಡಿಸೆಂಬರ್ 31ರಿಂದ 120. ಮನುಷ್ಯನ ತಲೆಗೂದಲಿನ ದಪ್ಪ ಸುಮಾರು 70 ಮೈಕ್ರಾನ್. 50ರ ಅಪರಾಧಿ ಚೀಲಕ್ಕೂ 120ರ ಸಂಭಾವಿತ ಚೀಲಕ್ಕೂ ಇರುವ ವ್ಯತ್ಯಾಸವೂ 70. ಕೂದಲೆಳೆಯ ಅಂತರದಲ್ಲಿ ಪಾರಾಗುವುದು ಎಂದು ಹಿರಿಯರು ಹೇಳುತ್ತಿದ್ದುದನ್ನು ಸರ್ಕಾರ ಅಳತೆಗೋಲು ಹಿಡಿದು ನಿಜ ಮಾಡಿತು.

ಆದರೆ ಮೈಕ್ರಾನಿಗೆ ಒಂದು ಅಧ್ಯಾತ್ಮವೂ ಇದೆ. 50 ಮೈಕ್ರಾನಿನ ಚೀಲ ಅಂಗಡಿಯಲ್ಲಿ ಸಿಕ್ಕರೆ ದಂಡ. ಅದೇ ಚೀಲ ಚರಂಡಿಗೆ ಬಿದ್ದು, ಕೊಟ್ಟೂರಿನ ಬೇಸಿಗೆಯ ಬಿಸಿಲಿಗೆ ಗರಿಗರಿಯಾಗಿ, ಲಾರಿ ಟೈರಿಗೆ ಸಿಕ್ಕಿ ಪುಡಿಪುಡಿಯಾಯಿತು ಅನ್ನಿ. ಐದು ಮಿಲಿಮೀಟರಿಗಿಂತ ಚಿಕ್ಕ ಚೂರಾದಾಗ ಅದರ ಹೆಸರು ಬದಲಾಗುತ್ತದೆ: ಮೈಕ್ರೋಪ್ಲಾಸ್ಟಿಕ್. ಇಂಗ್ಲೆಂಡಿನ ಪ್ಲಿಮತ್ ವಿಶ್ವವಿದ್ಯಾಲಯದ ರಿಚರ್ಡ್ ಥಾಂಪ್ಸನ್ 2004ರಲ್ಲಿ ಸಮುದ್ರದಂಡೆಯ ಮರಳಿನಲ್ಲಿ ಇವನ್ನು ಆರಿಸಿ ತೋರಿಸಿದ ಮೇಲೆ ಆ ಹೆಸರು ನಿಂತಿತು. ಇನ್ನೂ ಸವೆದು ಒಂದು ಮೈಕ್ರಾನಿಗಿಂತ ಕಿರಿದಾದರೆ ನ್ಯಾನೋಪ್ಲಾಸ್ಟಿಕ್. ಅಷ್ಟು ಹೊತ್ತಿಗೆ ಅದು ಚೀಲವಲ್ಲ, ತಟ್ಟೆಯಲ್ಲ, ಕಡ್ಡಿಯೂ ಅಲ್ಲ. ಯಾವ ಅಧಿಸೂಚನೆಯೂ ಅದನ್ನು ಮುಟ್ಟುವಂತಿಲ್ಲ. ಇಡಿಯಾಗಿದ್ದಾಗ ಅಪರಾಧಿ, ಪುಡಿಯಾದಾಗ ಮುಕ್ತ. ಜೀವನ್ಮುಕ್ತಿ ಎಂದು ನಮ್ಮ ಮಠಗಳಲ್ಲಿ ಪ್ರವಚನ ಕೇಳಿದ್ದೆ. ಪಡೆದವರನ್ನು ನೋಡಿದ್ದು ಈಗಲೇ.

ಮುಕ್ತಿ ಪಡೆದದ್ದು ಎಲ್ಲಿಗೆ ಹೋಗುತ್ತದೆ? ನೀರಿಗೆ. ನಮ್ಮ ಸೀಮೆಯಲ್ಲಿ ನೀರಿನ ಕತೆ ಬೇರೆಯೇ. ಕೂಡ್ಲಿಗಿ, ಕೊಟ್ಟೂರು ಕಡೆಯ ಕೊಳವೆಬಾವಿಗಳು ಆಳಕ್ಕೆ ಹೋದಷ್ಟೂ ಫ್ಲೋರೈಡಿನ ಕಾಟ. ಹಲ್ಲಿನ ಮೇಲೆ ಕಂದು ಗೆರೆ, ಹಿಡಿದುಕೊಂಡ ಮಂಡಿ, ಮೊದಲೇ ಬಗ್ಗಿದ ಬೆನ್ನು. ಲೀಟರಿಗೆ ಒಂದೂವರೆ ಮಿಲಿಗ್ರಾಂ ದಾಟಬಾರದು ಎಂಬುದು ನಿಯಮ. ಭೂಮಿತಾಯಿ ನಿಯಮ ಓದಿಕೊಂಡಿಲ್ಲ. ಅದಕ್ಕೇ ಶುದ್ಧ ಕುಡಿಯುವ ನೀರಿನ ಘಟಕಗಳು ಬಂದವು. 5 ರೂಪಾಯಿ ನಾಣ್ಯ ಹಾಕಿದರೆ 20 ಲೀಟರ್ ಶುದ್ಧ ನೀರು. ಇದನ್ನು ನಾನು ಹಾಸ್ಯ ಮಾಡುವುದಿಲ್ಲ. ಬಗ್ಗಿದ ಬೆನ್ನುಗಳನ್ನು ನೋಡಿ ಬೆಳೆದವರು ಫಿಲ್ಟರ್ ನೀರಿಗೆ ಕೈಮುಗಿಯುತ್ತಾರೆ, ಮುಗಿಯಲಿ.

ಆ ಶುದ್ಧಿ ಹೇಗೆ ಆಗುತ್ತದೆ ಎಂಬುದಷ್ಟೇ ನನ್ನ ಕುತೂಹಲ. ಯಂತ್ರದೊಳಗೆ ಪ್ಲಾಸ್ಟಿಕ್ ನೂಲು ಸುತ್ತಿದ ಸೋಸುಬತ್ತಿ. ಆಮೇಲೆ ಪಾಲಿಅಮೈಡ್ ಪೊರೆ. ಪಾಲಿಅಮೈಡ್ ಅಂದರೆ ನೈಲಾನಿನ ಮನೆತನ. ಆಮೇಲೆ ಪ್ಲಾಸ್ಟಿಕ್ ಪೈಪು, ಪ್ಲಾಸ್ಟಿಕ್ ಟ್ಯಾಂಕು. ಕೊನೆಗೆ ಕಾಂಪೌಂಡಿನ ಪಕ್ಕ ಬಿಸಿಲಿಗೆ ಕೂತ ನನ್ನ ಮನೆಯ 20 ಲೀಟರ್ ಕ್ಯಾನು. ಅದರ ಒಳಮೈ ಎಷ್ಟು ಗೀಚಿದೆಯೆಂದರೆ ನನ್ನ ಹಳೆಯ ವಿದ್ಯಾರ್ಥಿಗಳ ಡೆಸ್ಕು ನೆನಪಾಗುತ್ತದೆ. ಭೂಮಿಯಿಂದ ನನ್ನ ಗಂಟಲಿನವರೆಗೆ ಬರುವ ದಾರಿಯಲ್ಲಿ ನೀರು ಪ್ಲಾಸ್ಟಿಕ್ಕನ್ನು ಬಿಟ್ಟು ಬೇರೆ ಯಾರನ್ನೂ ಭೇಟಿಯಾಗುವುದಿಲ್ಲ.

2018ರಲ್ಲಿ ಅಮೆರಿಕದ ಫ್ರೆಡೋನಿಯಾದ ವಿಶ್ವವಿದ್ಯಾಲಯದವರು ಭಾರತವೂ ಸೇರಿ ಒಂಬತ್ತು ದೇಶಗಳ 259 ಬಾಟಲಿ ನೀರು ಪರೀಕ್ಷಿಸಿದರು. ನೂರಕ್ಕೆ 93ರಲ್ಲಿ ಪ್ಲಾಸ್ಟಿಕ್ ಸಿಕ್ಕಿತು, ಲೀಟರಿಗೆ ಸರಾಸರಿ 325 ಕಣ. 2024ರ ಜನವರಿಯಲ್ಲಿ ಕೊಲಂಬಿಯಾ ವಿಶ್ವವಿದ್ಯಾಲಯದವರು ಇನ್ನೂ ಹರಿತವಾದ ಲೇಸರ್ ಕಣ್ಣು ಹಾಕಿಕೊಂಡು ನೋಡಿದರು. ಲೀಟರಿಗೆ ಸರಾಸರಿ 2,40,000, ಅದರಲ್ಲಿ ನೂರಕ್ಕೆ 90 ನ್ಯಾನೋ. ಆರು ವರ್ಷದಲ್ಲಿ ನೀರು ಕೆಟ್ಟದ್ದಲ್ಲ, ಕಣ್ಣು ಸರಿಹೋದದ್ದು. ಅವರಿಗೆ ಸಿಕ್ಕ ಕಣಗಳಲ್ಲಿ ಬಾಟಲಿಯ ಪ್ಲಾಸ್ಟಿಕ್ಕಿಗಿಂತ ಹೆಚ್ಚಿದ್ದದ್ದು ಯಾವುದು ಗೊತ್ತೇ? ಪಾಲಿಅಮೈಡ್. ನೀರನ್ನು ಶುದ್ಧ ಮಾಡುವ ಸೋಸುಕದಿಂದಲೇ ಬಂದಿರಬಹುದು ಎಂದು ಅವರ ಊಹೆ. ಕಳ್ಳನನ್ನು ಹಿಡಿಯಲು ಕಳಿಸಿದ ಪೊಲೀಸಪ್ಪ ಮನೆಯಲ್ಲೇ ಬಿಡಾರ ಹೂಡಿದ ಹಾಗೆ.

ನಮ್ಮ ದೊಡ್ಡವ್ವ ಇದ್ದಾಗ ಇದ್ಯಾವುದೂ ಇರಲಿಲ್ಲ. ಬಾವಿಯ ಗಡಸು ನೀರನ್ನು ತಾಮ್ರದ ಹಂಡೆಯಲ್ಲಿ ಕುದಿಸಿ, ಸೀರೆಯ ತುಂಡಿನಲ್ಲಿ ಸೋಸಿ ಇಡುತ್ತಿದ್ದಳು. ಹಂಡೆಯ ತಳದಲ್ಲಿ ಕೂರುತ್ತಿದ್ದ ಸುಣ್ಣದ ಪರೆಯನ್ನು ಕೆರೆಯುವುದೇ ನನಗೆ ರಜೆಯ ಕೆಲಸ. 2024ರಲ್ಲಿ ಚೀನಾದ ಗ್ವಾಂಗ್‌ಝೌ ಊರಿನ ಸಂಶೋಧಕರು ಕಂಡುಕೊಂಡದ್ದು ಇದನ್ನೇ: ಗಡಸು ನೀರನ್ನು ಕುದಿಸಿದರೆ ಕಟ್ಟುವ ಸುಣ್ಣದ ಪರೆ ಪ್ಲಾಸ್ಟಿಕ್ ಕಣಗಳನ್ನು ಹಿಡಿದುಕೊಂಡು ತಳಕ್ಕೆ ಕೂರುತ್ತದೆ. ಬಹಳ ಗಡಸಾದ ನೀರಿನಲ್ಲಿ ನೂರಕ್ಕೆ ಸುಮಾರು 90 ಕಣ ಹೋಗುತ್ತದೆ, ಮೆದು ನೀರಿನಲ್ಲಿ ಬರೀ 25. ಅಂದರೆ ಪ್ಲಾಸ್ಟಿಕ್ ತೆಗೆಯುವ ಗುಣವಿರುವ ನೀರು ನಮ್ಮ ಕಾಲಕೆಳಗೇ ಇದೆ. ಅದನ್ನು ಕುಡಿದರೆ ಫ್ಲೋರೈಡು. ಕುದಿಸಿದರೆ ಫ್ಲೋರೈಡು ಹೋಗುವುದಿಲ್ಲ, ನೀರು ಆವಿಯಾದಷ್ಟೂ ಗಟ್ಟಿಯಾಗುತ್ತದೆ. ಅದನ್ನು ತೆಗೆಯಲು ಫಿಲ್ಟರಿಗೆ ಹೋದರೆ ಸುಣ್ಣವೂ ಹೋಗುತ್ತದೆ, ಕ್ಯಾನು ಬರುತ್ತದೆ. ಬೆನ್ನು ಬೇಕೋ ರಕ್ತ ಬೇಕೋ, 5 ರೂಪಾಯಿ ಹಾಕಿ ಆರಿಸಿಕೊಳ್ಳಿ. ಬೆನ್ನು ಬಗ್ಗಿದ್ದು ಎಲ್ಲರಿಗೂ ಕಾಣುತ್ತದೆ, ರಕ್ತದೊಳಗಿನದು ಯಾರಿಗೂ ಕಾಣುವುದಿಲ್ಲ. ನಾವು ಆರಿಸಿದ್ದು ಸರಿಯಾಗಿಯೇ ಇದೆ. ಬೇರೆ ಏನನ್ನಾದರೂ ಆರಿಸಿಕೊಳ್ಳಲು ಬಿಟ್ಟಿದ್ದರೆ ತಾನೆ?

ಉಪ್ಪು ತಿಂದವನು ನೀರು ಕುಡಿಯಲೇಬೇಕು ಎಂದು ಗಾದೆ. ಕುಡಿದದ್ದಾಯಿತು, ಉಪ್ಪಿನ ಕಡೆ ನೋಡೋಣ. ದೆಹಲಿಯ ಟಾಕ್ಸಿಕ್ಸ್ ಲಿಂಕ್ ಸಂಸ್ಥೆ 2024ರ ಆಗಸ್ಟಿನಲ್ಲಿ ಹತ್ತು ಬಗೆಯ ಉಪ್ಪು, ಐದು ಬಗೆಯ ಸಕ್ಕರೆ ತಂದು ಪರೀಕ್ಷಿಸಿದ ವರದಿ ಕೊಟ್ಟಿತು. ಹತ್ತಕ್ಕೆ ಹತ್ತು, ಐದಕ್ಕೆ ಐದು, ಒಂದೂ ಫೇಲಾಗಲಿಲ್ಲ. ಅಯೋಡಿನ್ ಬೆರೆಸಿ ಪೊಟ್ಟಣ ಕಟ್ಟಿದ ಉಪ್ಪು ಕಿಲೋಗೆ 89 ಚೂರಿನೊಂದಿಗೆ ಮೊದಲ ಸ್ಥಾನ ಪಡೆಯಿತು. ಸೈಂಧವ ಲವಣ ಕಿಲೋಗೆ ಏಳರ ಆಸುಪಾಸಿನಲ್ಲಿ ಹಿಂದೆ ಬಿತ್ತು. ಗಳಗಂಡ ಬರದಿರಲಿ ಎಂದು ನಾವು ಕಲ್ಲುಪ್ಪು ಬಿಟ್ಟು ಪೊಟ್ಟಣಕ್ಕೆ ಬಂದವರು. ಇಲ್ಲೂ ಅದೇ ಲೆಕ್ಕ: ಒಂದು ಕಾಯಿಲೆಯನ್ನು ಬಾಗಿಲಲ್ಲಿ ತಡೆದು ಇನ್ನೊಂದು ಅನುಮಾನಕ್ಕೆ ಮಣೆ ಹಾಕಿದೆವು. ಹಿಂದಿನ ಕಾಲದಲ್ಲಿ ಉಪ್ಪಿನ ಋಣ ತೀರಿಸುವುದು ಕಷ್ಟ ಎನ್ನುತ್ತಿದ್ದರು. ಪ್ಲಾಸ್ಟಿಕ್ಕಿನ ಋಣ ದೇಹದಲ್ಲೇ ಜಮಾ ಆಗುತ್ತದೆ, ತೀರಿಸುವ ಪ್ರಶ್ನೆಯೇ ಇಲ್ಲ.

ಅನುಮಾನ ಎಂಬ ಪದ ಬೇಕೆಂದೇ ಹಾಕಿದೆ. ಒಳಗೆ ಹೋದ ಪ್ಲಾಸ್ಟಿಕ್ ಏನು ಮಾಡುತ್ತದೆ? ಇದಕ್ಕೆ ವಿಜ್ಞಾನ ಕೊಡುವ ಉತ್ತರ ಕೇಳಿದಾಗೆಲ್ಲ ನನಗೆ ಹಡಗಲಿ ತಾಲೂಕಿನ ಮೈಲಾರ ನೆನಪಾಗುತ್ತದೆ. ಜಾತ್ರೆಯಲ್ಲಿ ಗೊರವಯ್ಯ ಬಿಲ್ಲೇರುತ್ತಾನೆ, ಲಕ್ಷ ಜನ ಉಸಿರು ಬಿಗಿಹಿಡಿಯುತ್ತಾರೆ, ಒಂದೇ ಒಂದು ಸಾಲು ಕಾರ್ಣಿಕ ನುಡಿದು ಕೆಳಗೆ ಬೀಳುತ್ತಾನೆ. ರೈತನಿಗೆ ಅದರಲ್ಲಿ ಮಳೆ ಕಾಣುತ್ತದೆ, ವ್ಯಾಪಾರಿಗೆ ಮೆಣಸಿನಕಾಯಿ ರೇಟು, ಶಾಸಕನಿಗೆ ಮಂತ್ರಿಗಿರಿ. 2019ರಲ್ಲಿ ವಿಶ್ವ ಆರೋಗ್ಯ ಸಂಸ್ಥೆ ಬಿಲ್ಲೇರಿತು. ಕುಡಿಯುವ ನೀರಿನ ಪ್ಲಾಸ್ಟಿಕ್ಕಿನಿಂದ ಈಗ ಗೊತ್ತಿರುವ ಮಟ್ಟಿಗೆ ದೊಡ್ಡ ಅಪಾಯ ಕಾಣುವುದಿಲ್ಲ, ಆದರೆ ಗೊತ್ತಿರುವುದು ಬಹಳ ಕಡಿಮೆ, ಇನ್ನೂ ಹುಡುಕಬೇಕು ಎಂಬುದು ಅದರ ತಾತ್ಪರ್ಯ. ಕಂಪನಿಯವರು ಮೊದಲ ಅರ್ಧ ಕೇಳಿಸಿಕೊಂಡು ಮನೆಗೆ ಹೋದರು. ಟಿವಿಯವರು ಎರಡನೆಯ ಅರ್ಧ ಕೇಳಿಸಿಕೊಂಡು ಕೂಗಲು ಶುರು ಮಾಡಿದರು. ಪೂರ್ತಿ ವಾಕ್ಯ ಮೈಲಾರದ ಬಯಲಿನಲ್ಲೇ ಉಳಿಯಿತು.

ಅಂದಿನಿಂದ ಪ್ಲಾಸ್ಟಿಕ್ ಒಂದೊಂದೇ ಅಂಗಕ್ಕೆ ಭೇಟಿ ಕೊಡುತ್ತಿದೆ. ಇಟಲಿಯಲ್ಲಿ ಆರು ಬಾಣಂತಿಯರ ಮಾಸು ಪರೀಕ್ಷಿಸಿದರೆ ನಾಲ್ಕರಲ್ಲಿ ಸಿಕ್ಕಿತು. ದನ ಈದಾಗ ಬೀಳುವ ಮಾಸನ್ನು ನಮ್ಮ ಕಡೆ ಕಸ ಎನ್ನುತ್ತೇವೆ. ಕಸದಲ್ಲಿ ಪ್ಲಾಸ್ಟಿಕ್ ಇದ್ದರೆ ಅಚ್ಚರಿ ಏನು ಎಂದು ನಗಲು ಹೋಗಿ ನಗು ಗಂಟಲಲ್ಲೇ ನಿಂತಿತು. ಒಳಗೆ ಮಗು ಇತ್ತಲ್ಲ. 2022ರಲ್ಲಿ ನೆದರ್ಲೆಂಡ್ಸಿನಲ್ಲಿ 22 ಜನರ ರಕ್ತ ನೋಡಿದರು, 17 ಜನರಲ್ಲಿ ಸಿಕ್ಕಿತು. ರಕ್ತಸಂಬಂಧ ಎಂದರೆ ಇದು. 2024ರ ಮಾರ್ಚಿನಲ್ಲಿ ಇಟಲಿಯ ವೈದ್ಯರೇ ಕುತ್ತಿಗೆಯ ರಕ್ತನಾಳದಲ್ಲಿ ಕಟ್ಟಿದ ಕೊಬ್ಬಿನ ಗಂಟನ್ನು ತೆಗೆದ 257 ರೋಗಿಗಳ ಲೆಕ್ಕ ಕೊಟ್ಟರು. 150 ಜನರ ಗಂಟಿನಲ್ಲಿ ಪಾಲಿಥೀನ್ ಇತ್ತು. ಮುಂದಿನ ಸುಮಾರು ಮೂರು ವರ್ಷದಲ್ಲಿ ಪ್ಲಾಸ್ಟಿಕ್ ಇದ್ದವರಿಗೆ ಹೃದಯಾಘಾತ, ಪಾರ್ಶ್ವವಾಯು ಅಥವಾ ಸಾವು ಬರುವ ಸಂಭವ ಇಲ್ಲದವರಿಗಿಂತ ನಾಲ್ಕೂವರೆ ಪಟ್ಟು. ಪ್ಲಾಸ್ಟಿಕ್ಕೇ ಕಾರಣ ಎಂದು ಇದರಿಂದ ಸಾಬೀತಾಗುವುದಿಲ್ಲ ಎಂದು ಆ ವೈದ್ಯರೇ ಕೈತೊಳೆದು ಹೇಳಿದರು. ಪ್ರಾಮಾಣಿಕರು. ಸಾಬೀತು ಮಾಡಬೇಕೆಂದರೆ ಅರ್ಧ ಜನಕ್ಕೆ ಪ್ಲಾಸ್ಟಿಕ್ ತಿನ್ನಿಸಿ, ಇನ್ನರ್ಧ ಜನಕ್ಕೆ ತಿನ್ನಿಸದೆ ನೋಡಬೇಕು. ತಿನ್ನಿಸಿದವರು ಬೇಕಾದಷ್ಟು ಸಿಗುತ್ತಾರೆ. ತಿನ್ನದ ಇನ್ನರ್ಧವನ್ನು ಯಾವ ಗ್ರಹದಿಂದ ತರುವುದು?

2025ರ ಫೆಬ್ರುವರಿಯಲ್ಲಿ ಮೆದುಳಿನ ಸರದಿ. ಸತ್ತವರ ಮೆದುಳಿನಲ್ಲಿ ಒಂದು ಚಮಚೆಯಷ್ಟು ಪ್ಲಾಸ್ಟಿಕ್ ಇದೆ ಎಂದು ಅಮೆರಿಕದಿಂದ ಸುದ್ದಿ ಬಂತು. ಬೇರೆ ವಿಜ್ಞಾನಿಗಳು ತಕರಾರು ತೆಗೆದರು: ಸುಟ್ಟು ನೋಡುವ ಯಂತ್ರಕ್ಕೆ ಕೊಬ್ಬೂ ಪಾಲಿಥೀನಿನಂತೆಯೇ ಕಾಣುತ್ತದೆ, ಮೆದುಳಿನಲ್ಲಿ ಕೊಬ್ಬು ಜಾಸ್ತಿ, ಲೆಕ್ಕ ತಪ್ಪಿರಬಹುದು. ತಲೆಯಲ್ಲಿರುವುದು ಪ್ಲಾಸ್ಟಿಕ್ಕೋ ಬರೀ ಕೊಬ್ಬೋ ಎಂಬುದು ನಮ್ಮೂರಿನ ಕೆಲವು ದೊಡ್ಡವರನ್ನು ನೋಡಿದಾಗ ನನಗೂ ಬಗೆಹರಿದಿಲ್ಲ. ಯಂತ್ರವನ್ನು ನಾನು ದೂರುವುದಿಲ್ಲ. ವಾರಕ್ಕೊಂದು ಬ್ಯಾಂಕ್ ಕಾರ್ಡಿನಷ್ಟು ಪ್ಲಾಸ್ಟಿಕ್ ತಿನ್ನುತ್ತೇವೆ ಎಂದು 2019ರಿಂದ ವಾಟ್ಸಾಪಿನಲ್ಲಿ ಓಡಾಡುತ್ತಿರುವ ಮಾತೂ ಹೀಗೇ. ಆಮೇಲೆ ಲೆಕ್ಕ ಹಾಕಿದವರು ಅದು ಎಷ್ಟೋ ಪಟ್ಟು ಹಿಗ್ಗಿಸಿದ ಅಂದಾಜು ಎಂದರು. ಕಾರ್ಡು ತಿನ್ನುವುದು ಸುಳ್ಳಿರಬಹುದು. ತಿನ್ನುವುದು ಸುಳ್ಳಲ್ಲ.

ನಮ್ಮ ದೇಶವೂ ಹಿಂದೆ ಬಿದ್ದಿಲ್ಲ. ಆಹಾರ ಸುರಕ್ಷತಾ ಪ್ರಾಧಿಕಾರ 2024ರಲ್ಲಿ ಒಂದು ಯೋಜನೆ ಹಮ್ಮಿಕೊಂಡಿತು: ಲಖನೌ, ಕೊಚ್ಚಿ, ಪಿಲಾನಿಯ ಸಂಸ್ಥೆಗಳು ಸೇರಿ ಆಹಾರದಲ್ಲಿ ಪ್ಲಾಸ್ಟಿಕ್ ಅಳೆಯುವುದು ಹೇಗೆ ಎಂಬ ವಿಧಾನ ಕಂಡುಹಿಡಿಯಬೇಕು. ಮೊದಲು ತಕ್ಕಡಿ ಆಗಬೇಕು, ಆಮೇಲೆ ತೂಕ, ಆಮೇಲೆ ಮಿತಿ, ಆಮೇಲೆ ನಿಯಮ, ಆಮೇಲೆ ತಪಾಸಣೆ, ಆಮೇಲೆ ತಪಾಸಣೆಗೆ ಬಂದವನಿಗೆ ಚಾ. ಪೇಪರ್ ಕಪ್ಪಿನಲ್ಲಿ.

ಅಳತೆ ಗೊತ್ತಿಲ್ಲದಿದ್ದರೂ ಸಹಾಯಧನ ನಿಂತಿಲ್ಲ. ನಮ್ಮ ಕಡೆ ಹೊಲಗಳಲ್ಲಿ ಈಗ ಕಳೆ ಬರದಂತೆ, ತೇವ ಆರದಂತೆ ಮಲ್ಚಿಂಗ್ ಶೀಟು ಹೊದಿಸುತ್ತಾರೆ. ಬರದ ಸೀಮೆಯ ರೈತನಿಗೆ ಅದರಿಂದ ನೀರು ಉಳಿಯುವುದು ನಿಜ. ತೋಟಗಾರಿಕೆ ಇಲಾಖೆ ಅರ್ಧ ಖರ್ಚು ಕೊಡುತ್ತದೆ. ಆ ಶೀಟಿನ ದಪ್ಪ ಸಾಮಾನ್ಯವಾಗಿ 25, 30 ಮೈಕ್ರಾನ್. ಲೆಕ್ಕ ನೆನಪಿದೆಯಲ್ಲ? 120ಕ್ಕಿಂತ ತೆಳ್ಳಗಿನದನ್ನು ಸಂತೆಗೆ ಒಯ್ದರೆ ದಂಡ, ಹೊಲಕ್ಕೆ ಹೊದಿಸಿದರೆ ಸಹಾಯಧನ. ಎರಡು ಬೆಳೆಗೆ ಅದು ಹರಿದು ಚಿಂದಿಯಾಗುತ್ತದೆ. ಟ್ರ್ಯಾಕ್ಟರು ಅದನ್ನು ಮಣ್ಣಿಗೆ ಬೆರೆಸುತ್ತದೆ. ಬೇಸಾಯಕ್ಕೆ ಜಗತ್ತು ವರ್ಷಕ್ಕೆ 1.25 ಕೋಟಿ ಟನ್ ಪ್ಲಾಸ್ಟಿಕ್ ಬಳಸುತ್ತದೆ ಎಂದು ವಿಶ್ವಸಂಸ್ಥೆಯ ಆಹಾರ ಮತ್ತು ಕೃಷಿ ಸಂಘಟನೆ 2021ರಲ್ಲಿ ಹೇಳಿತು. ಕಳೆ ಬೆಳೆಯುವುದಿಲ್ಲ ಎಂಬುದು ನಿಜ. ಶೀಟು ಬೆಳೆಯುತ್ತದೆ.

ದೇವರ ವಿಷಯ ಬಿಟ್ಟರೆ ನಮ್ಮೂರಿನವನು ಅನ್ನಿಸಿಕೊಳ್ಳುವುದಿಲ್ಲ. ಗುರುಬಸವೇಶ್ವರನ ತೇರಿಗೆ ದಾವಣಗೆರೆ, ಹರಪನಹಳ್ಳಿ ಕಡೆಯಿಂದ ಸಾವಿರಾರು ಜನ ಪಾದಯಾತ್ರೆ ಬರುತ್ತಾರೆ. ಅವರ ಪಾದ ನೋಡಿದರೆ ನಾಸ್ತಿಕನಿಗೂ ಕೈಮುಗಿಯಬೇಕು ಅನ್ನಿಸುತ್ತದೆ. ದಾರಿಯುದ್ದಕ್ಕೂ ದಾನಿಗಳು: ನೀರಿನ ಪಾಕೀಟು, ಮಜ್ಜಿಗೆ ಲೋಟ, ಬಿಸಿ ಪಲಾವಿನ ತಟ್ಟೆ, ಬಾಳೆಹಣ್ಣು. ಬಾಳೆಹಣ್ಣಿನ ಸಿಪ್ಪೆ ಮಾತ್ರ ಬೇಗ ಮಣ್ಣಾಗುತ್ತದೆ, ಬುದ್ಧಿಯಿಲ್ಲದ ಹಣ್ಣು. ಉಳಿದ ಪುಣ್ಯವೆಲ್ಲ ರಸ್ತೆಯ ಎರಡೂ ಬದಿ ಜಾಲಿಮುಳ್ಳಿಗೆ ಸಿಕ್ಕಿ ಗಾಳಿಗೆ ಪಟಪಟ ಅನ್ನುತ್ತಿರುತ್ತದೆ. ತೇರು ಒಂದು ಸಂಜೆ ಎಳೆದು ಮುಗಿಯುತ್ತದೆ. ತಲೆಮಾರುಗಟ್ಟಲೆ ಎಳೆಯುವ ತೇರು ಈ ಪ್ಲಾಸ್ಟಿಕ್.

ಹಿಂದೆ ಅರವಟ್ಟಿಗೆ ಇತ್ತು. ಮಣ್ಣಿನ ಗುಡಾಣ, ತಾಮ್ರದ ತಂಬಿಗೆ, ಬೊಗಸೆ ಒಡ್ಡಿದವನಿಗೆ ಮೇಲಿನಿಂದ ನೀರು ಬಿಡುವ ಒಬ್ಬ ಮುದುಕ. ಅದು ಹೋದದ್ದು ಯಾಕೆಂದು ಒಬ್ಬ ದಾನಿಯನ್ನು ಕೇಳಿದೆ. "ಗುಡಾಣದಾಗ ಯಾರ ಹೆಸರು ಬರೀಬೇಕ್ರಿ? ಪಾಕೀಟಿನ ಮ್ಯಾಲಾದ್ರ ನಮ್ಮ ಫೋಟೋನೂ ಹಾಕಿಸಬಹುದು" ಅಂದ. ಅವನೊಬ್ಬನೇ ಈ ವಿಷಯದಲ್ಲಿ ನನಗೆ ಸುಳ್ಳು ಹೇಳದವನು.

ಜಗತ್ತು ಇದಕ್ಕಿಂತ ಜಾಣತನ ತೋರಿಸಿದೆ ಎಂದುಕೊಳ್ಳಬೇಡಿ. ಪ್ಲಾಸ್ಟಿಕ್ ಹಾವಳಿಗೆ ಒಂದು ಒಪ್ಪಂದ ಮಾಡೋಣ ಎಂದು 2022ರಲ್ಲಿ ನೈರೋಬಿಯಲ್ಲಿ ದೇಶಗಳು ಕೂಡಿ ತೀರ್ಮಾನಿಸಿದವು. 2024ರ ಕೊನೆಗೆ ಮುಗಿಸುವ ಮಾತಿತ್ತು. ಬೂಸಾನಿನಲ್ಲಿ ಮುಗಿಯಲಿಲ್ಲ. 2025ರ ಆಗಸ್ಟಿನಲ್ಲಿ ಜಿನೀವಾದಲ್ಲೂ ಮುಗಿಯಲಿಲ್ಲ. ತಯಾರಿಕೆಯನ್ನೇ ಕಡಿಮೆ ಮಾಡಬೇಕು ಎಂದು ಹಲವು ದೇಶಗಳು. ತಯಾರಿಕೆ ಮುಟ್ಟಬೇಡಿ, ಕಸ ಗುಡಿಸುವುದನ್ನು ಕಲಿಸಿ ಎಂದು ತೈಲ ತೆಗೆಯುವ ದೇಶಗಳು. ನಲ್ಲಿ ಬಿಟ್ಟುಕೊಂಡು ನೆಲ ಒರೆಸುವ ಬಟ್ಟೆಯ ಬಣ್ಣ ಯಾವುದಿರಬೇಕೆಂದು ಜಗಳ. ವರ್ಷಕ್ಕೆ 40 ಕೋಟಿ ಟನ್ನಿಗಿಂತ ಹೆಚ್ಚು ಪ್ಲಾಸ್ಟಿಕ್ ತಯಾರಿಸುವವರು ಯಾರೂ ಕೊಟ್ಟೂರಿನ ಸಂತೆಗೆ ಬರುವುದಿಲ್ಲ. ಬರುವವಳು ಸೊಪ್ಪು ಮಾರುವ ಮುದುಕಿ. ದಂಡದ ರಸೀದಿ ಹರಿಯುವುದೂ ಅವಳಿಗೇ. ಅವಳ ಹತ್ತಿರ ಸಿಕ್ಕದ್ದು ಕಾಲು ಕಿಲೋ ಕವರು.

ಇಷ್ಟೆಲ್ಲ ಓದಿಕೊಂಡ ಮೇಲೆ ನಾನು ಸುಧಾರಿಸಿದೆ. ಮರುದಿನ ಸಂಜೆ ಸ್ಟೀಲ್ ಡಬ್ಬಿ, ಸ್ಟೀಲ್ ಲೋಟ, ಖಾದಿ ಚೀಲ ಹಿಡಿದು ಮಿರ್ಚಿ ಅಂಗಡಿಗೆ ಹೋದೆ. ಆಸ್ಪತ್ರೆಗೆ ಊಟ ಒಯ್ಯುವವನನ್ನು ನೋಡಿದ ಹಾಗೆ ಎಲ್ಲರೂ ನೋಡಿದರು.

"ಮನಿಯಾಗ ಯಾರಿಗಿ ಹುಷಾರಿಲ್ರಿ ಮೇಷ್ಟ್ರೆ?" ಅಂದ ಅಂಗಡಿಯವನು.

"ಎಲ್ಲಾರಿಗೂ" ಅಂದೆ.

ಡಬ್ಬಿಗೆ ಎಂಟು ಮಿರ್ಚಿ ಹಾಕಿದ. ಲೋಟಕ್ಕೆ ಚಾ ಹಾಕಿದ. ಗೆದ್ದೆ ಅಂದುಕೊಂಡೆ. ಅಷ್ಟರಲ್ಲಿ ಡಬ್ಬಿಯ ಮುಚ್ಚಳ ಸಡಿಲವಾಗಿದೆ, ಎಣ್ಣೆ ಸೋರಿ ಚೀಲ ಹಾಳಾದೀತು ಎಂದು ಪ್ರೀತಿಯಿಂದ ಇಡೀ ಡಬ್ಬಿಯನ್ನೇ ಒಂದು ಕವರಿಗೆ ಇಳಿಸಿ ಗಂಟು ಹಾಕಿ ಕೊಟ್ಟ. ಕೊಟ್ಟೂರಿನ ಉಪಚಾರಕ್ಕೆ ಬೇಡ ಎನ್ನುವುದು ಶಾಸ್ತ್ರದಲ್ಲಿಲ್ಲ. ತಂದೆ. ಮನೆಯ ಬಾಗಿಲಲ್ಲಿ ಕವರು ಬಿಚ್ಚಿ, ಇನ್ಯಾರಿಗೂ ಕಾಣದಿರಲಿ ಎಂದು ಕಾಂಪೌಂಡಿನಿಂದ ಆಚೆ ಎಸೆದೆ. ಮೂವತ್ತು ವರ್ಷ ಪರಿಸರದ ಪಾಠ ಮಾಡಿದ ಕೈ. ಎಸೆಯುವುದು ಚೆನ್ನಾಗಿ ಅಭ್ಯಾಸವಾಗಿದೆ.

ಆಚೆ ಓಣಿಯ ಬಿಡಾಡಿ ಆಕಳು ನಿಂತಿತ್ತು. ಎಣ್ಣೆಯ ವಾಸನೆಗೆ ಮೂತಿ ಹಾಕಿ ಕವರನ್ನು ಎತ್ತಿಕೊಂಡಿತು. ನಮ್ಮ ದನಗಳ ಹೊಟ್ಟೆ ಕೊಯ್ದು ಪಶುವೈದ್ಯರು ಕಿಲೋಗಟ್ಟಲೆ ಕವರು ತೆಗೆಯುವುದನ್ನು ನಾನೂ ಕಂಡವನೇ. ಓಡಿಹೋಗಿ ಬಾಯಿಂದ ಎಳೆಯಲು ನೋಡಿದೆ. ಅದು ಅರ್ಧ ಜಗಿದಿತ್ತು. ನನ್ನ ಕಡೆ ತಣ್ಣಗೆ ನೋಡುತ್ತ ಉಳಿದರ್ಧವನ್ನೂ ಒಳಕ್ಕೆಳೆದುಕೊಂಡಿತು.

ನನ್ನ ಕೈಗಳು ತಾವಾಗಿ ಕೂಡಿದವು. "ತಪ್ಪಾತವ್ವಾ, ಹೊಟ್ಟಿಗೆ ಹಾಕ್ಕೋ" ಅನ್ನಬೇಕೆಂದು ಬಾಯಿ ತೆರೆದೆ.

ನಾನು ಹೇಳುವ ಮೊದಲೇ ಅದು ಹಾಕಿಕೊಂಡಿತ್ತು.